ಉಣಿಸಿದಷ್ಟೇ ಮಾಟ: ಅಣಬೆ ವಿದ್ಯೆಗೆ ಕಟ್ಟಳೆ ಹಾಕುವ ಬಗೆ

ಪ್ರಶ್ನೆ: ಮಲೆನಾಡಿನ ಹಿನ್ನೆಲೆಯಲ್ಲಿ ಒಂದು ಕಾಲ್ಪನಿಕ ಕಾದಂಬರಿ ಬರೆಯುತ್ತಿದ್ದೇನೆ. ಅದರಲ್ಲಿ ಮಾಟ, ಮಂತ್ರವೆಲ್ಲ ಅಣಬೆ, ಬೂಷ್ಟುಗಳಿಂದ ನಡೆಯುತ್ತದೆ. ಓದಿದ ಗೆಳೆಯರು "ಮಂತ್ರದಂಡದ ಬದಲು ಅಣಬೆ ಹಿಡಿಸಿದ್ದೀಯ, ಅಷ್ಟೆ" ಎಂದರು. ಈ ವಿದ್ಯೆಗೆ ನಿಜವಾದ ನಿಯಮ, ಬೆಲೆ, ಮಿತಿ ಕೊಡುವುದು ಹೇಗೆ? ಖಳನಾಯಕ ಶಿಲೀಂಧ್ರದಿಂದ ಮನುಷ್ಯರ ಮನಸ್ಸನ್ನು ವಶ ಮಾಡಿಕೊಳ್ಳಬಹುದೇ? ಕೊನೆಯಲ್ಲಿ ಮುದಿ ಗುರು ಸಾಯುತ್ತಾಳೆ. ಆ ಸಾವು ಊರಿಗೆ ಹೇಗೆ ತಿಳಿಯಬೇಕು?

ಉತ್ತರ: ನಿಮ್ಮ ಗೆಳೆಯರ ಮಾತಿನಲ್ಲಿ ಹುರುಳಿದೆ. ಕೈಯಲ್ಲಿರುವ ವಸ್ತು ಬದಲಾದ ಮಾತ್ರಕ್ಕೆ ಮಾಟದ ಸ್ವಭಾವ ಬದಲಾಗುವುದಿಲ್ಲ. ಶಿಲೀಂಧ್ರ ಬದುಕುವ ರೀತಿಯೇ ನಿಮ್ಮ ಮಾಟದ ವ್ಯಾಕರಣವಾಗಬೇಕು. ಪ್ರಾಣಿ ತಿಂದು ಅರಗಿಸುತ್ತದೆ, ಶಿಲೀಂಧ್ರ ಅರಗಿಸಿ ತಿನ್ನುತ್ತದೆ. ಅದರ ಹೊಟ್ಟೆ ಮೈಯ ಹೊರಗಿದೆ. ಮಿಲಿಮೀಟರನ್ನು ಸಾವಿರ ಪಾಲು ಮಾಡಿದರೆ ಅದರಲ್ಲಿ ಎರಡರಿಂದ ಹತ್ತು ಪಾಲಿನಷ್ಟು ದಪ್ಪದ ಎಳೆಗಳು ಆಹಾರದೊಳಕ್ಕೇ ನುಗ್ಗಿ, ಕಿಣ್ವ ಸುರಿಸಿ, ಸುತ್ತಲಿನದನ್ನು ಕರಗಿಸಿ, ಆ ರಸವನ್ನು ಹೀರುತ್ತವೆ. ನಾವು ನಾಯಿಕೊಡೆ ಎಂದು ಕರೆಯುವುದು ಆ ಜೀವಿಯ ಹಣ್ಣನ್ನು ಮಾತ್ರ. ಇಡೀ ಮಾವಿನಮರ ಮಣ್ಣಿನೊಳಗಿದ್ದು ಹಣ್ಣಷ್ಟೇ ಮೇಲೆ ಬಂದರೆ ಹೇಗೋ, ಹಾಗೆ.

ಇದರಿಂದ ಮೊದಲ ಕಟ್ಟಳೆ ತಾನಾಗಿ ಹುಟ್ಟುತ್ತದೆ: ಉಣಿಸದೆ ಮಾಟವಿಲ್ಲ. ನಿಮ್ಮ ಮಾಂತ್ರಿಕರನ್ನು ಸದ್ಯಕ್ಕೆ ಎಳೆಗಾರರು ಎಂದು ಕರೆಯೋಣ. ಎಳೆಗಾರನೊಬ್ಬ ಏನು ಮಾಡಬಲ್ಲ ಎನ್ನುವುದು ಅವನ ನಾಲಿಗೆಯ ಮೇಲಿನ ಮಂತ್ರದಿಂದ ತೀರ್ಮಾನವಾಗಬಾರದು, ಅವನ ಎಳೆಗೆ ಏನು ಉಣ್ಣಲು ಬರುತ್ತದೆ ಎಂಬುದರಿಂದ ಆಗಬೇಕು. ಹುಲ್ಲು ತಿನ್ನುವ ಎಳೆ ಕಲ್ಲನ್ನು ಒಡೆಯುವುದಿಲ್ಲ. ಸಗಣಿಯ ಮೇಲೆ ಬದುಕುವುದು ಮರದ ದಿಮ್ಮಿಗೆ ಇಳಿಯುವುದಿಲ್ಲ.

ಕೋಟೆಯ ಬಾಗಿಲು ಮುರಿಯುವ ಪ್ರಸಂಗವನ್ನೇ ತೆಗೆದುಕೊಳ್ಳಿ. ಮರ ತಿನ್ನುವ ಶಿಲೀಂಧ್ರಗಳಲ್ಲಿ ಮುಖ್ಯವಾಗಿ ಎರಡು ಪಂಗಡ. ಬಿಳಿಕೊಳೆಯವು ಮರಕ್ಕೆ ಗಡಸುತನ ಕೊಡುವ ಲಿಗ್ನಿನ್ನನ್ನೂ ಕರಗಿಸಬಲ್ಲವು. ಅವು ತಿಂದು ಬಿಟ್ಟ ಮರ ಬೆಳ್ಳಗೆ, ನಾರುನಾರಾಗಿ, ಹತ್ತಿಯಂತೆ ಮೆತ್ತಗಾಗುತ್ತದೆ. ಕಂದುಕೊಳೆಯವು ಲಿಗ್ನಿನ್ನನ್ನು ಹೆಚ್ಚುಕಡಿಮೆ ಹಾಗೇ ಬಿಟ್ಟು ಸೆಲ್ಯುಲೋಸನ್ನು ತಿನ್ನುತ್ತವೆ. ಮರ ಕಂದಾಗಿ ಚೌಕ ಚೌಕವಾಗಿ ಬಿರಿದು, ಬೆರಳಲ್ಲಿ ಒತ್ತಿದರೆ ಪುಡಿಯಾಗುತ್ತದೆ. ಕಥೆಗೆ ಎರಡನೆಯದೇ ಹೆಚ್ಚು ಒದಗುತ್ತದೆ. ಏಕೆಂದರೆ ಕಂದುಕೊಳೆ ಹತ್ತಿದ ತೊಲೆಯ ತೂಕ ಇನ್ನೂ ಸ್ವಲ್ಪವೇ ಇಳಿದಿರುವಾಗ ಅದರ ಬಲ ಬಹುಪಾಲು ಹೋಗಿರುತ್ತದೆ. ಹೊರಗೆ ನೋಡಿದರೆ ಬಾಗಿಲು ಗಟ್ಟಿ, ಒಳಗೆ ಏನೂ ಇಲ್ಲ.

ಆದರೆ ಮರದ ತೇವ ಶೇಕಡಾ 20ಕ್ಕಿಂತ ಕೆಳಗಿದ್ದರೆ ಕೊಳೆ ಶುರುವಾಗುವುದೇ ಇಲ್ಲ. ಸೂರಿನ ಕೆಳಗಿರುವ ಒಣ ಬಾಗಿಲಿನ ಮುಂದೆ ಎಂಥ ಎಳೆಗಾರನೂ ಕೈಕಟ್ಟಿ ನಿಲ್ಲಬೇಕು. ಅವನ ಮೊದಲ ಕೆಲಸ ಬಾಗಿಲ ಮೇಲಿನ ಹೆಂಚು ಸರಿಸಿ ಮಳೆನೀರು ಸೋರುವಂತೆ ಮಾಡುವುದು. ಎರಡನೆಯದು ಕಾಯುವುದು, ಅದೂ ತಿಂಗಳುಗಟ್ಟಲೆ. ತೇಗದ ತಿರುಳಾದರೆ ಎಣ್ಣೆಯಂಶದಿಂದಾಗಿ ವರ್ಷಗಟ್ಟಲೆ ತಡೆದೀತು. ಮಾವಿನ ಹಲಗೆ, ಬೂರುಗದ ಹಲಗೆ ಬೇಗ ಸೋಲುತ್ತವೆ. ನಿಮ್ಮ ಕೋಟೆಯ ಬಾಗಿಲು ತೇಗದ್ದಾಗಿದ್ದು, ಹಣ ಉಳಿಸಲು ಯಾರೋ ಒಳಗಿನ ಅಗುಳಿಯನ್ನು ಮಾವಿನಲ್ಲಿ ಮಾಡಿಸಿದ್ದರೆ ಮುತ್ತಿಗೆಯ ಅಧ್ಯಾಯ ಅಲ್ಲೇ ಸಿಕ್ಕಿತು.

ಹಾಸು ಕಟ್ಟುವುದು

ಮಾಟದ ವಿಧಿಯನ್ನು ಶೂನ್ಯದಿಂದ ಕಲ್ಪಿಸಬೇಡಿ. ಚಿಪ್ಪಣಬೆ ಬೆಳೆಯುವ ವಿಧಾನವನ್ನೇ ಮೂಲವಾಗಿ ಇಟ್ಟುಕೊಳ್ಳಿ. ಅದರಲ್ಲಿ ಮಡಿ ಇದೆ, ಬೆಂಕಿ ಇದೆ, ಕತ್ತಲೆ ಇದೆ, ಕಾಯುವಿಕೆ ಇದೆ. ತಪ್ಪಾದರೆ ಏನಾಗುತ್ತದೆ ಎಂಬುದಂತೂ ಕರಾರುವಾಕ್ಕಾಗಿ ಗೊತ್ತಿದೆ.

ಒಂದು ಕಿಲೋ ಒಣ ಭತ್ತದ ಹುಲ್ಲನ್ನು ಮೂರರಿಂದ ಐದು ಸೆಂಟಿಮೀಟರ್ ತುಂಡುಗಳಾಗಿ ಕತ್ತರಿಸಿ ರಾತ್ರಿಯಿಡೀ ನೆನೆಹಾಕಬೇಕು. ಬೆಳಿಗ್ಗೆ ಆ ನೀರು ಬಸಿದು, ಸುಮಾರು 80 ಡಿಗ್ರಿ ಸೆಲ್ಸಿಯಸ್ ಬಿಸಿನೀರಿನಲ್ಲಿ ಒಂದು ಗಂಟೆ ಮುಳುಗಿಸಿಡಬೇಕು. ತೆಗೆದು ಹರಡಿ ಆರಿಸಿ, ಮುಷ್ಟಿಯಲ್ಲಿ ಹಿಂಡಿ ನೋಡಬೇಕು. ನೀರು ಧಾರೆಯಾಗಿ ಇಳಿಯಬಾರದು, ಅಂಗೈ ಮಾತ್ರ ಒದ್ದೆಯಾಗಬೇಕು. ಆ ಹದದಲ್ಲಿ ಹುಲ್ಲಿನ ತೇವ ಶೇಕಡಾ 60ರಿಂದ 65 ಇರುತ್ತದೆ. ಒಂದು ಕಿಲೋ ಒಣಹುಲ್ಲಿಗೆ ಸುಮಾರು ನೂರು ಗ್ರಾಂ ಬೀಜ, ಅಂದರೆ ಜೋಳ ಅಥವಾ ಗೋಧಿಯ ಕಾಳಿನ ಮೇಲೆ ಬೆಳೆಸಿದ ಎಳೆ, ಬೇಕು. ಚೀಲದಲ್ಲಿ ಒಂದು ಪದರ ಹುಲ್ಲು, ಅಂಚಿನ ಸುತ್ತ ಬೀಜ, ಮತ್ತೆ ಹುಲ್ಲು, ಹೀಗೆ ನಾಲ್ಕೈದು ಪದರ ತುಂಬಿ, ಬಾಯಿ ಕಟ್ಟಿ, ಅಲ್ಲಲ್ಲಿ ತೂತು ಮಾಡಿ, 25 ಡಿಗ್ರಿ ಆಸುಪಾಸಿನ ಕತ್ತಲ ಕೋಣೆಯಲ್ಲಿ ಹದಿನೈದರಿಂದ ಇಪ್ಪತ್ತು ದಿನ ಇಡಬೇಕು. ಹುಲ್ಲೆಲ್ಲ ಬೆಳ್ಳಗೆ ಗಟ್ಟಿ ಮುದ್ದೆಯಾದ ಮೇಲೆ ಬೆಳಕು, ಗಾಳಿ, ಶೇಕಡಾ 80ರಿಂದ 90 ಆರ್ದ್ರತೆ ಕೊಟ್ಟರೆ ಕೆಲವೇ ದಿನಗಳಲ್ಲಿ ಮೊಗ್ಗು ಕಾಣುತ್ತದೆ. ಒಟ್ಟು ಇಳುವರಿ ಒಣಹುಲ್ಲಿನ ತೂಕದ ಅರ್ಧದಿಂದ ಹಿಡಿದು ಸಮತೂಕದವರೆಗೆ.

ಈಗ ಸೋಲುಗಳನ್ನು ನೋಡಿ, ಕಥೆಗೆ ಬೇಕಾದ್ದು ಇವೇ. ಹುಲ್ಲಿಗೆ ಬಿಸಿ ಸಾಲದಿದ್ದರೆ ಮೂರನೆಯ ದಿನಕ್ಕೋ ನಾಲ್ಕನೆಯ ದಿನಕ್ಕೋ ಹಸಿರು ಬೂಷ್ಟು ಕಾಣಿಸಿಕೊಂಡು ಇಡೀ ಹಾಸನ್ನು ನುಂಗುತ್ತದೆ. ಅದು ಟ್ರೈಕೋಡರ್ಮಾ. ನೀರು ಹೆಚ್ಚಾದರೆ ಹುಳಿ ನಾತ ಬರುತ್ತದೆ, ಅಂದರೆ ಬ್ಯಾಕ್ಟೀರಿಯಾ ಗೆದ್ದಿದೆ. ಗಾಳಿಯಾಡದೆ ಇಂಗಾಲದ ಡೈಆಕ್ಸೈಡ್ ತುಂಬಿದರೆ ತೊಟ್ಟು ಉದ್ದವಾಗಿ, ಕೊಡೆ ಗುಂಡಿಯಷ್ಟೇ ಚಿಕ್ಕದಾಗಿ ಉಳಿಯುತ್ತದೆ. ಗಾಳಿ ಒಣಗಿದರೆ ಕೊಡೆಯ ಅಂಚು ಸೀಳುತ್ತದೆ. ಎಳೆಗಾರ್ತಿಯೊಬ್ಬಳು ಶಿಷ್ಯ ಕಟ್ಟಿದ ಹಾಸನ್ನು ಒಮ್ಮೆ ಮೂಸಿ, ಒಂದು ಅಣಬೆಯ ತೊಟ್ಟನ್ನು ನೋಡಿ, ಅವನು ಎಲ್ಲಿ ಅವಸರ ಮಾಡಿದ ಎಂದು ಹೇಳಬಲ್ಲಳು. ಅಂಥ ಒಂದು ದೃಶ್ಯ ಹತ್ತು ಪುಟದ ವಿವರಣೆಗಿಂತ ಹೆಚ್ಚು ನಂಬಿಕೆ ಹುಟ್ಟಿಸುತ್ತದೆ.

ಟ್ರೈಕೋಡರ್ಮಾ ಬಗ್ಗೆ ಇನ್ನೊಂದು ಮಾತು. ಅಣಬೆ ಬೆಳೆಯುವವರಿಗೆ ಶನಿಯಾದ ಇದೇ ಬೂಷ್ಟನ್ನು ಅಡಿಕೆ, ಮೆಣಸು ಬೆಳೆಗಾರರು ಗೊಬ್ಬರದಲ್ಲಿ ಬೆರೆಸಿ ಬೇಕೆಂದೇ ತೋಟಕ್ಕೆ ಹಾಕುತ್ತಾರೆ. ಅದು ರೋಗಕಾರಕ ಎಳೆಗಳ ಸುತ್ತ ಸುರುಳಿ ಸುತ್ತಿ, ಗೋಡೆ ಕರಗಿಸಿ ತಿನ್ನುತ್ತದೆ. ಒಂದು ಮನೆತನದ ಕುಲದೈವ ಇನ್ನೊಂದು ಮನೆತನದ ಮಾರಿ. ಎರಡು ಎಳೆಗಾರ ಮನೆತನಗಳ ಹಗೆತನಕ್ಕೆ ಬೇರೆ ಕಾರಣ ಹುಡುಕಬೇಕಿಲ್ಲ.

ನಿಧಾನ ಮತ್ತು ಸಿಡಿತ

"ಇಷ್ಟು ನಿಧಾನವಾದರೆ ಕಾಳಗ ಹೇಗೆ?" ಎಂದು ನೀವು ಕೇಳಬಹುದು. ಶಿಲೀಂಧ್ರದ ಬೆಳವಣಿಗೆ ನಿಧಾನ, ಆದರೆ ಬಿಡುಗಡೆ ಕ್ಷಣಮಾತ್ರದ್ದು. ರಾತ್ರೋರಾತ್ರಿ ಎದ್ದಂತೆ ಕಾಣುವ ಅಣಬೆಯ ಜೀವಕೋಶಗಳು ಮೊಗ್ಗಿನಲ್ಲೇ ಹೆಚ್ಚುಕಡಿಮೆ ತಯಾರಾಗಿರುತ್ತವೆ. ಮಳೆ ಬಂದಾಗ ಅವು ನೀರು ಕುಡಿದು ಉಬ್ಬುತ್ತವೆ. ಸಗಣಿಯ ಮೇಲೆ ಬೆಳೆಯುವ ಪೈಲೋಬೋಲಸ್ ಇನ್ನೂ ಸೊಗಸು. ಗಾಜಿನ ಬುರುಡೆಯಂಥ ತಲೆ, ಅದರ ಮೇಲೆ ಕಪ್ಪು ಟೋಪಿಯಂತೆ ಬೀಜಕಗಳ, ಅಂದರೆ ಶಿಲೀಂಧ್ರ ಹರಡುವ ಧೂಳಿನಂಥ ಕಣಗಳ, ಚೀಲ. ಬೆಳಕಿನ ಕಡೆ ಗುರಿಯಿಟ್ಟು, ಒಳಗಿನ ನೀರಿನ ಒತ್ತಡಕ್ಕೆ ಬುರುಡೆ ಒಡೆದಾಗ ಆ ಟೋಪಿ ಎರಡು ಮೀಟರ್ ದೂರಕ್ಕೆ ಹಾರುತ್ತದೆ. ಚಿಮ್ಮುವ ಗಳಿಗೆಯಲ್ಲಿ ಅದರ ವೇಗ ಏರುವ ಪರಿ ಗುರುತ್ವಾಕರ್ಷಣೆಯ ಇಪ್ಪತ್ತು ಸಾವಿರ ಪಟ್ಟು.

ಹಾಗಾಗಿ ನಿಮ್ಮ ಯುದ್ಧದೃಶ್ಯಗಳನ್ನು ಹೀಗೆ ಕಟ್ಟಿ: ಎಳೆಗಾರ ಯುದ್ಧದ ದಿನ ಏನನ್ನೂ ಮಾಡುವುದಿಲ್ಲ. ಎರಡು ತಿಂಗಳ ಹಿಂದೆ ಮಾಡಿಟ್ಟಿದ್ದನ್ನು ಅಂದು ಬಿಡುತ್ತಾನೆ. ಸಿದ್ಧತೆಯಿಲ್ಲದೆ ಸಿಕ್ಕಿಬಿದ್ದ ಎಳೆಗಾರ ಯಾವ ಸಾಮಾನ್ಯನಿಗಿಂತಲೂ ಬಲಶಾಲಿಯಲ್ಲ. ಈ ಒಂದು ಮಿತಿಯನ್ನು ಕೊನೆಯವರೆಗೂ ಮುರಿಯಬೇಡಿ.

ಬೆಂಕಿ, ಬೂದಿ, ತುಕ್ಕು, ಕಾಡಿಗೆ

ಮಾಟದ ಶಾಖೆಗಳಿಗೆ ಹೊಸ ಹೆಸರು ಹುಡುಕುವ ಅಗತ್ಯವೇ ಇಲ್ಲ. ನಮ್ಮ ರೈತರು ಎಂದೋ ಇಟ್ಟಿದ್ದಾರೆ. ಭತ್ತಕ್ಕೆ ಬೆಂಕಿ ರೋಗ, ದ್ರಾಕ್ಷಿಗೆ ಬೂದಿ ರೋಗ, ಕಾಫಿಗೆ ತುಕ್ಕು ರೋಗ, ಕಬ್ಬಿಗೆ ಕಾಡಿಗೆ ರೋಗ. ಎಲ್ಲವೂ ಶಿಲೀಂಧ್ರಗಳೇ, ಒಂದೊಂದರ ನಡೆಯೂ ಬೇರೆ. ನಾಲ್ಕು ಹೆಸರು, ನಾಲ್ಕು ಮನೆತನ. ನಿಮ್ಮ ಕಾದಂಬರಿಯ ಬೆನ್ನೆಲುಬು ಇಲ್ಲಿದೆ ಎನ್ನುವುದು ನನ್ನ ಖಚಿತ ಅಭಿಪ್ರಾಯ.

ಬೆಂಕಿಯಿಂದ ಶುರುಮಾಡೋಣ. ಬೆಂಕಿ ರೋಗದ ಬೀಜಕ ಭತ್ತದ ಗರಿಯ ಮೇಲೆ ಇಳಿದು ಮೊಳೆತು, ತುದಿಯಲ್ಲಿ ಗುಮ್ಮಟದಂಥ ಒಂದು ಕೋಶ ಕಟ್ಟುತ್ತದೆ. ಗುಮ್ಮಟದ ಗೋಡೆಗೆ ಒಳಗಿನಿಂದ ಮೆಲನಿನ್ ಎಂಬ ಕಪ್ಪು ಬಳಿದುಕೊಂಡು, ಒಳಗೆ ಗ್ಲಿಸರಾಲ್ ತುಂಬಿಸಿ, ನೀರೆಳೆದುಕೊಂಡು ಒತ್ತಡ ಏರಿಸುತ್ತದೆ. ಅದು ಎಂಟು ಮೆಗಾಪ್ಯಾಸ್ಕಲ್‌ವರೆಗೆ ಹೋಗುತ್ತದೆ, ಅಂದರೆ ಕಾರಿನ ಟೈರಿನೊಳಗಿನ ಒತ್ತಡದ ಸುಮಾರು ನಲವತ್ತು ಪಟ್ಟು. ಆಮೇಲೆ ಬುಡದಿಂದ ಮೊಳೆಯೊಂದು ಹೊರಟು ಗರಿಯನ್ನು ಚುಚ್ಚುತ್ತದೆ. ಇದಕ್ಕೆಲ್ಲ ಗರಿ ಗಂಟೆಗಟ್ಟಲೆ ಒದ್ದೆಯಾಗಿರಬೇಕು. ಹೆಸರು ಬೆಂಕಿ, ಬೇಕಾದ್ದು ನೀರು.

ಬೂದಿಯದು ಇದಕ್ಕೆ ತದ್ವಿರುದ್ಧ. ಅದರ ಬೀಜಕ ತನ್ನೊಳಗೇ ನೀರು ಇಟ್ಟುಕೊಂಡಿರುತ್ತದೆ, ಒಣಹವೆಯಲ್ಲೂ ಮೊಳೆಯುತ್ತದೆ, ಎಲೆಯ ಮೇಲೆ ನೀರು ನಿಂತರೆ ಕೆಡುತ್ತದೆ. ಬೆಂಕಿಯವರ ಕಾಲ ಮಳೆಗಾಲವಾದರೆ ಬೂದಿಯವರದು ಒಣ ಹಗಲು, ತಂಪು ಇರುಳಿನ ಕಾಲ. ಬೂದಿಯವರನ್ನು ಸೋಲಿಸಲು ಒಂದು ಜೋರು ಮಳೆ ಸಾಕು.

ತುಕ್ಕಿನವರಿಗೆ ಎರಡು ಮನೆ ಬೇಕು. ಗೋಧಿಯ ಕಾಂಡದ ತುಕ್ಕು ತನ್ನ ಪೂರ್ಣ ಜೀವನಚಕ್ರ ಮುಗಿಸಲು ಗೋಧಿಯಲ್ಲದೆ ಬಾರ್ಬೆರಿ ಎಂಬ ಪೊದೆಯನ್ನೂ ಅವಲಂಬಿಸುತ್ತದೆ, ಐದು ಬಗೆಯ ಬೀಜಕಗಳನ್ನು ಹುಟ್ಟಿಸುತ್ತದೆ. ಅಮೆರಿಕದಲ್ಲಿ 1918ರಿಂದ ಬಾರ್ಬೆರಿಯನ್ನೇ ಕಿತ್ತೆಸೆಯುವ ಅಭಿಯಾನ ನಡೆದದ್ದು ಇದಕ್ಕಾಗಿ. ನಮ್ಮಲ್ಲಿ ಕಥೆ ಬೇರೆ. ಬಯಲಿನ ಬೇಸಿಗೆಯಲ್ಲಿ ಸಾಯುವ ತುಕ್ಕು ನೀಲಗಿರಿ, ಪಳನಿಯಂಥ ತಂಪು ಬೆಟ್ಟಗಳಲ್ಲಿ ಬದುಕಿದ್ದು, ಪ್ರತಿವರ್ಷ ಗಾಳಿಯ ಜೊತೆ ಕೆಳಗೆ ಬರುತ್ತದೆ ಎಂದು ತೋರಿಸಿಕೊಟ್ಟವರು ಸಸ್ಯರೋಗತಜ್ಞ ಕೆ. ಸಿ. ಮೆಹ್ತಾ. ಬಯಲಿನಲ್ಲಿ ತುಕ್ಕಿನವರನ್ನು ಎಷ್ಟು ಸಲ ಸೋಲಿಸಿದರೂ ಅವರು ಬೆಟ್ಟದಿಂದ ಇಳಿದು ಬರುತ್ತಾರೆ.

ಕಾಡಿಗೆಯವರು ಎಲ್ಲರಿಗಿಂತ ತಾಳ್ಮೆಯವರು. ನೆಟ್ಟ ತುಂಡಿನಲ್ಲೇ ಒಳಸೇರಿದ ಕಬ್ಬಿನ ಕಾಡಿಗೆ ತಿಂಗಳುಗಟ್ಟಲೆ ಸದ್ದಿಲ್ಲದೆ ಗಿಡದ ಜೊತೆಗೇ ಬೆಳೆದು, ಒಂದು ದಿನ ಸುಳಿಯಿಂದ ಕಪ್ಪು ಚಾವಟಿಯಾಗಿ ಹೊರಬರುತ್ತದೆ. ಮಗುವಾಗಿದ್ದಾಗ ಹಾಕಿದ ಮಾಟ ಮದುವೆಯ ದಿನ ಎಚ್ಚರಗೊಳ್ಳುವುದನ್ನು ಬರೆಯಬೇಕಿದ್ದರೆ ಅದು ಇವರ ಕೈಯದು.

ಪ್ರತಿಮಾಟವೂ ಇಷ್ಟೇ ನಿಖರವಾಗಿರಲಿ. ಬೆಂಕಿ ರೋಗಕ್ಕೆ ರೈತರು ಲೀಟರ್ ನೀರಿಗೆ 0.6 ಗ್ರಾಂ ಟ್ರೈಸೈಕ್ಲಜೋಲ್ ಎಂಬ ಔಷಧಿ ಬೆರೆಸಿ ಸಿಂಪಡಿಸುತ್ತಾರೆ. ಅದು ಆ ಕಪ್ಪು ಮೆಲನಿನ್ ತಯಾರಾಗದಂತೆ ತಡೆಯುತ್ತದೆ. ಕಪ್ಪಿಲ್ಲದ ಗುಮ್ಮಟದಲ್ಲಿ ಒತ್ತಡ ನಿಲ್ಲುವುದಿಲ್ಲ, ಮೊಳೆ ಹೊರಡುವುದಿಲ್ಲ. ಶತ್ರುವನ್ನು ಕೊಲ್ಲಬೇಕಿಲ್ಲ, ಅವನ ಆಯುಧದ ಒಂದು ಲೇಪ ಕಿತ್ತರೆ ಸಾಕು.

ಕೊಳೆರೋಗವೆಂಬ ಜೋಡಿ ಹೆಸರು

ಮಲೆನಾಡಿನ ಕಥೆಯಲ್ಲಿ ಕೊಳೆರೋಗ ಇರಲೇಬೇಕು. ಮಜಾ ಎಂದರೆ ಆ ಹೆಸರಿನಡಿ ಎರಡು ಬೇರೆ ಜೀವಿಗಳಿವೆ. ಕಾಫಿಯ ಎಲೆಯನ್ನು ಕಪ್ಪಾಗಿಸಿ ಎಳೆಯ ದಾರದಲ್ಲಿ ನೇತುಹಾಕುವುದು ನಿಜವಾದ ಶಿಲೀಂಧ್ರ. ಇಂಗ್ಲೆಂಡಿನ ಶಿಲೀಂಧ್ರತಜ್ಞ ಎಂ. ಸಿ. ಕುಕ್ 1876ರಲ್ಲಿ ಅದಕ್ಕೆ ಪೆಲ್ಲಿಕ್ಯುಲೇರಿಯ ಕೊಳೆರೋಗ ಎಂದು ಹೆಸರಿಟ್ಟ. ಕನ್ನಡದ ಮಾತೊಂದು ಹಾಗೇ ಲ್ಯಾಟಿನ್ ಹೆಸರಿನೊಳಗೆ ಹೋಗಿ ಕೂತಿತು.

ಅಡಿಕೆಯ ಕೊಳೆರೋಗ ಫೈಟಾಫ್ತೊರ ಎಂಬ ಜೀವಿಯದ್ದು. ಮೈಸೂರು ಸಂಸ್ಥಾನದ ಶಿಲೀಂಧ್ರತಜ್ಞ ಲೆಸ್ಲಿ ಕೋಲ್ಮನ್ 1910ರಲ್ಲಿ ಅದನ್ನು ವಿವರವಾಗಿ ಬಣ್ಣಿಸಿದರು. ಎಳೆಯಂತೆ ಬೆಳೆದರೂ ಅದು ಶಿಲೀಂಧ್ರವಲ್ಲ. ಶಿಲೀಂಧ್ರದ ಕೋಶದ ಗೋಡೆಯಲ್ಲಿ ಕೈಟಿನ್ ಎಂಬ ಗಟ್ಟಿ ವಸ್ತು ಇರುತ್ತದೆ, ಇದರ ಗೋಡೆಯಲ್ಲಿ ಸೆಲ್ಯುಲೋಸ್ ಇರುತ್ತದೆ. ಇದರ ಬೀಜಕಗಳಿಗೆ ಬಾಲವಿದ್ದು ಮಳೆನೀರಿನಲ್ಲಿ ಈಜುತ್ತವೆ. ವಂಶದಲ್ಲಿ ಇದು ಕಂದು ಕಡಲಪಾಚಿಗಳ ನೆಂಟ. ಕಾದಂಬರಿಯ ನಡುವಿನಲ್ಲಿ ಎಳೆಗಾರರ ಎಲ್ಲ ಕೈಟಿನ್ ಮಾಟಗಳೂ ಒಂದು ಶತ್ರುವಿನ ಮೇಲೆ ಸೋಲಬೇಕು, ಏಕೆಂದು ಯಾರಿಗೂ ತಿಳಿಯಬಾರದು. ಕೊನೆಗೆ ಒಬ್ಬಳು, ಅದು ನಮ್ಮ ಕುಲದ್ದೇ ಅಲ್ಲ, ನಮ್ಮ ವೇಷ ಹಾಕಿದ ನೀರಿನ ಕುಲದ್ದು ಎಂದು ಗುರುತಿಸಬೇಕು.

ಅದಕ್ಕೆ ಮದ್ದು ಬೋರ್ಡೋ ದ್ರಾವಣ. ಇದನ್ನು ರಸವಿದ್ಯೆಯಂತೆ ಬರೆಯಲು ಏನನ್ನೂ ಸೇರಿಸಬೇಕಿಲ್ಲ. ಒಂದು ಕಿಲೋ ಮೈಲುತುತ್ತವನ್ನು 50 ಲೀಟರ್ ನೀರಿನಲ್ಲಿ, ಒಂದು ಕಿಲೋ ಸುಣ್ಣವನ್ನು ಇನ್ನೊಂದು 50 ಲೀಟರಿನಲ್ಲಿ ಕರಗಿಸಿ, ತುತ್ತದ ನೀರನ್ನು ಸುಣ್ಣದ ನೀರಿಗೆ ಕಲಕುತ್ತಾ ಸುರಿಯಬೇಕು. ಪಾತ್ರೆ ಪ್ಲಾಸ್ಟಿಕ್ಕಿನದೋ ಮರದ್ದೋ ಆಗಿರಬೇಕು, ಕಬ್ಬಿಣದ್ದು ಕೂಡದು. ಆಕಾಶನೀಲಿ ದ್ರಾವಣದಲ್ಲಿ ಉಜ್ಜಿ ತೊಳೆದ ಕತ್ತಿಯನ್ನು ಒಂದು ನಿಮಿಷ ಅದ್ದಿ ತೆಗೆದಾಗ ಅಲಗಿನ ಮೇಲೆ ಕೆಂಪು ತಾಮ್ರ ಕೂತಿದ್ದರೆ ಸುಣ್ಣ ಸಾಲದು ಎಂದರ್ಥ. ಹಾಗೇ ಹೊಡೆದರೆ ಗೊನೆಯೇ ಸುಟ್ಟೀತು. ಅಂದು ಕಲಸಿದ್ದನ್ನು ಅಂದೇ ಮುಗಿಸಬೇಕು. ಮುಂಗಾರು ಹಿಡಿಯುವ ಮೊದಲು, ರೋಹಿಣಿ ಮಳೆಯ ಹೊತ್ತಿಗೆ ಒಂದು ಸಲ. ಅಲ್ಲಿಂದ 40-45 ದಿನಕ್ಕೆ, ಪುನರ್ವಸು, ಪುಷ್ಯದ ಬಿಡುವಿನಲ್ಲಿ ಇನ್ನೊಂದು ಸಲ. ಪುಷ್ಯ ಮಳೆ ಬಿಡುವು ಕೊಡದ ವರ್ಷ ತೋಟ ಉಳಿಯುವುದು ಕಷ್ಟ. ನಿಮ್ಮ ಕಥೆಯ ಪಂಚಾಂಗವನ್ನು ಈ ಮಳೆನಕ್ಷತ್ರಗಳ ಮೇಲೇ ಕಟ್ಟಿ, ತಿಂಗಳ ಹೆಸರು ಬೇಡ. ಔಷಧಿ ಬರುವ ಮೊದಲು ಗೊನೆಗೆ ಕೊಟ್ಟೆ ಕಟ್ಟಿ ಮಳೆ ತಪ್ಪಿಸುತ್ತಿದ್ದ ರೂಢಿಯೂ ನಿಮಗೆ ರಕ್ಷೆಯ ರೂಪಕವಾಗಿ ಒದಗಬಹುದು.

ಜಾಲ ಎಲ್ಲರನ್ನೂ ಕೂಡಿಸುವುದಿಲ್ಲ

ನಿಮ್ಮ ಕರಡಿನಲ್ಲಿ ಕಾಡಿನ ಮರಗಳೆಲ್ಲ ನೆಲದೊಳಗಿನ ಎಳೆಯ ಮೂಲಕ ಮಾತಾಡುವ ಪ್ರಸಂಗ ಇರಬಹುದೆಂದು ಊಹಿಸುತ್ತೇನೆ. ಈಗ ಎಲ್ಲರೂ ಅದನ್ನೇ ಬರೆಯುತ್ತಿದ್ದಾರೆ. 1997ರಲ್ಲಿ ಸುಝಾನ್ ಸಿಮಾರ್ಡ್ ತಂಡ ಕೆನಡಾದ ಕಾಡಿನಲ್ಲಿ ಬರ್ಚ್ ಮತ್ತು ಡಗ್ಲಾಸ್ ಫರ್ ಸಸಿಗಳ ನಡುವೆ ಇಂಗಾಲ ಸಾಗಿದ್ದನ್ನು ತೋರಿಸಿದ್ದು ನಿಜ. ಆದರೆ ತಾಯಿಮರ ಮಕ್ಕಳನ್ನು ಗುರುತಿಸಿ ಸಾಕುತ್ತದೆ ಎಂಬಂಥ ಮಾತುಗಳಿಗೆ ಕಾಡಿನಲ್ಲಿ ಗಟ್ಟಿ ಪುರಾವೆ ಸಾಲದು ಎಂದು 2023ರಲ್ಲಿ ಅದೇ ಕ್ಷೇತ್ರದ ಮೂವರು ವಿಜ್ಞಾನಿಗಳು ಬರೆದರು. ಕಥೆಯಲ್ಲಿ ಬಳಸಬಾರದೆಂದಲ್ಲ. ಆದರೆ ನಿಜವಾದ ಜಾಲದ ಒಡಕುಗಳೇ ಹೆಚ್ಚು ರೋಚಕ.

ಪಶ್ಚಿಮಘಟ್ಟದಲ್ಲಿ ಹಲಸು, ಮಾವು, ಅಡಿಕೆ, ಕಾಫಿ ಒಂದು ಬಗೆಯ ಬೇರುಶಿಲೀಂಧ್ರದ ಜೊತೆ ಬದುಕುತ್ತವೆ. ಅದು ಬೇರಿನ ಕೋಶದೊಳಗೇ ಹೊಕ್ಕು ಕವಲೊಡೆಯುತ್ತದೆ, ಅಣಬೆಯಾಗಿ ಎಂದೂ ಮೇಲೆ ಬರುವುದಿಲ್ಲ. ಧೂಪ, ಹೈಗದಂಥ ಮರಗಳ ಶಿಲೀಂಧ್ರ ಬೇರಿನ ತುದಿಗೆ ಕವಚದಂತೆ ಸುತ್ತಿಕೊಳ್ಳುತ್ತದೆ, ಮಳೆಗಾಲದಲ್ಲಿ ಬಣ್ಣಬಣ್ಣದ ಅಣಬೆ ಎಬ್ಬಿಸುತ್ತದೆ. ಎರಡು ಜಾಲಗಳೂ ಬೆರೆಯುವುದಿಲ್ಲ. ಹಲಸಿನ ಬುಡದಲ್ಲಿ ಹೇಳಿದ ಸುದ್ದಿ ಧೂಪದ ಮರಕ್ಕೆ ಮುಟ್ಟುವುದಿಲ್ಲ. ಕಣ್ಣಿಗೆ ಬೀಳದ ಮೊದಲಿನದೇ ಹಳೆಯ ಪಂಥ. ಸ್ಕಾಟ್ಲೆಂಡಿನ ರೈನಿಯ ಕಲ್ಲಿನಲ್ಲಿ ಸಿಕ್ಕ ಸುಮಾರು 40 ಕೋಟಿ ವರ್ಷ ಹಿಂದಿನ ಗಿಡಗಳಿಗೆ ನಿಜವಾದ ಬೇರೇ ಇರಲಿಲ್ಲ, ಆದರೂ ಒಳಗೆ ಇಂಥ ಶಿಲೀಂಧ್ರವಿತ್ತು. ಎರಡರ ನಡುವೆ ಸೇತುವೆ ಬೇಕೆಂದರೆ ಶ್ರೀಗಂಧವನ್ನು ಬಳಸಿ. ಅದು ಅಕ್ಕಪಕ್ಕದ ಎಂಥ ಮರವಾದರೂ ಸರಿ, ಬೇರಿಗೆ ಬೇರು ಕಚ್ಚಿ ಹೀರುತ್ತದೆ. ಕದ್ದು ಕೇಳುವವನಿಗೆ ತಕ್ಕ ಮರ.

ಈ ನಂಟು ವ್ಯಾಪಾರ, ವಾತ್ಸಲ್ಯವಲ್ಲ. ಗಿಡ ತಾನು ಮಾಡಿದ ಸಕ್ಕರೆಯಲ್ಲಿ ಹತ್ತಕ್ಕೆ ಎರಡು ಪಾಲಿನವರೆಗೂ ಕೊಟ್ಟು ರಂಜಕ ಪಡೆಯುತ್ತದೆ. ಮಣ್ಣಿಗೆ ರಂಜಕದ ಗೊಬ್ಬರ ಧಾರಾಳವಾಗಿ ಸುರಿದರೆ ಗಿಡ ಶಿಲೀಂಧ್ರಕ್ಕೆ ಕೊಡುವುದನ್ನು ಕಡಿಮೆ ಮಾಡುತ್ತದೆ, ಬೇರಿನಲ್ಲಿ ಅದರ ನೆಲೆ ಕುಗ್ಗುತ್ತದೆ. ನಿಮ್ಮ ಖಳನಾಯಕ ಕಾಡನ್ನು ಸುಡಬೇಕಿಲ್ಲ. ಗಾಡಿಗಟ್ಟಲೆ ಮೂಳೆಪುಡಿ ಹಾಕಿಸಿ, ಉದಾರಿ ಎಂದು ಹೆಸರು ಪಡೆದು, ಹಳೆಯ ಒಪ್ಪಂದವನ್ನು ಮುರಿಯಬಹುದು.

ಇನ್ನು ಎಳೆಗಾರರ ನಡುವಿನ ನಂಟು. ಒಂದೇ ಜಾತಿಯ ಎರಡು ಬೇರೆ ಎಳೆಗಳು ದಿಮ್ಮಿಯೊಳಗೆ ಎದುರಾದರೆ ಒಂದನ್ನೊಂದು ಅನ್ಯ ಎಂದು ಗುರುತಿಸಿ ನಡುವೆ ಕಪ್ಪು ಗೆರೆ ಎಳೆಯುತ್ತವೆ. ಕೊಳೆತ ದಿಮ್ಮಿಯನ್ನು ಅಡ್ಡ ಕೊಯ್ದರೆ ರಾಜ್ಯಗಳ ನಕ್ಷೆಯಂತೆ ಆ ಗೆರೆಗಳು ಕಾಣುತ್ತವೆ. ಗಡಿ ಕಾಯುವ ಮಾಟ ಎಂದರೆ ಇದೇ. ಮಿಲನದ ನಿಯಮ ಇನ್ನೂ ಬೆರಗಿನದು. ಒಣಕೊಂಬೆಯ ಮೇಲೆಲ್ಲ ಬೆಳೆಯುವ, ಬೀಸಣಿಗೆಯಂಥ ಸ್ಕಿಜೊಫಿಲಮ್ ಕಮ್ಯೂನೆಗೆ 23,000ಕ್ಕೂ ಹೆಚ್ಚು ಮಿಲನಮಾದರಿಗಳಿವೆ. ಅಪರಿಚಿತರಿಬ್ಬರು ಸಿಕ್ಕರೆ ಬಹುತೇಕ ಯಾವಾಗಲೂ ಕೂಡಬಲ್ಲರು, ಒಡಹುಟ್ಟಿದವರಾದರೆ ನಾಲ್ಕರಲ್ಲಿ ಒಂದು ಸಲ ಮಾತ್ರ. ಕೂಡಿದ ಮೇಲೂ ಇಬ್ಬರ ಕೋಶಕೇಂದ್ರಗಳು ಒಂದೇ ಕೋಶದಲ್ಲಿ ಬೆರೆಯದೆ ಜೊತೆಯಾಗಿ ಇರುತ್ತವೆ. ಅವು ಒಂದಾಗುವುದು ಅಣಬೆ ಎದ್ದಾಗ, ಬೀಜಕ ಹುಟ್ಟುವ ಹೊತ್ತಿನಲ್ಲಿ. ಜಂಟಿ ಮಾಟಕ್ಕೆ ಸ್ವಂತ ಮನೆತನದವರಿಗಿಂತ ಪರವೂರಿನವನೇ ಬೇಕು ಎಂಬ ಕಟ್ಟಳೆ ಹಾಕಿದರೆ ಕಥೆಗೆ ಪ್ರಯಾಣಗಳು ತಾವಾಗಿ ಬರುತ್ತವೆ.

ಬೆಳಕಿನ ಅಣಬೆ ಬಗ್ಗೆ ಚುಟುಕಾಗಿ: ಘಟ್ಟದ ಕಾಡಿನಲ್ಲಿ ಮಳೆಗಾಲದ ರಾತ್ರಿ ಹೊಳೆಯುವ ಅಣಬೆಗಳಿವೆ. ಬಣ್ಣ ತಿಳಿಹಸಿರು, ನೀಲಿಯಲ್ಲ. ಕಣ್ಣು ಕತ್ತಲೆಗೆ ಒಗ್ಗಲು ಇಪ್ಪತ್ತು ನಿಮಿಷ ಕೊಟ್ಟರೆ ಚೆನ್ನಾಗಿ ಕಾಣುತ್ತದೆ. ದೀಪದಂತೆ ದಾರಿ ತೋರಿಸುವುದಿಲ್ಲ. ಗಾಳಿಯಿಲ್ಲದಿದ್ದರೆ ಆರುತ್ತದೆ, ಇದನ್ನು ರಾಬರ್ಟ್ ಬಾಯ್ಲ್ 1660ರ ದಶಕದಲ್ಲೇ ಹೊಳೆಯುವ ಕೊಳೆಮರದ ತುಂಡನ್ನು ಗಾಳಿ ತೆಗೆದ ಪಾತ್ರೆಯಲ್ಲಿಟ್ಟು ತೋರಿಸಿದ್ದ. ಗಾಜಿನ ಕುಪ್ಪಿಯಲ್ಲಿ ಬಿಗಿಯಾಗಿ ಮುಚ್ಚಿ ಒಯ್ಯುವ ದೃಶ್ಯವಿದ್ದರೆ ತಿದ್ದಿ.

ಮನಸ್ಸಿನ ವಶ

ನಿಮ್ಮ ಎರಡನೆಯ ಪ್ರಶ್ನೆಗೆ ಆಧಾರ ಇರುವೆಗಳನ್ನು ಹಿಡಿಯುವ ಓಫಿಯೊಕಾರ್ಡಿಸೆಪ್ಸ್ ಎಂಬ ಶಿಲೀಂಧ್ರ. ಥಾಯ್ಲೆಂಡಿನ ಕಾಡಿನಲ್ಲಿ ಅದು ಹೊಕ್ಕ ಇರುವೆ ಮೇಲಿನ ಗೂಡು ಬಿಟ್ಟಿಳಿದು, ನೆಲದಿಂದ ಸುಮಾರು 25 ಸೆಂಟಿಮೀಟರ್ ಎತ್ತರದ ಎಲೆಯ ಅಡಿಯ ನರವನ್ನು ಕಚ್ಚಿ ಹಿಡಿದು ಸಾಯುತ್ತದೆ. ಅಲ್ಲಿನ ತೇವ, ಬಿಸಿ ಶಿಲೀಂಧ್ರಕ್ಕೆ ಹದವಾಗಿರುತ್ತದೆ. ಆಮೇಲೆ ಇರುವೆಯ ತಲೆಯ ಹಿಂದಿನಿಂದ ಕಡ್ಡಿಯೊಂದು ಮೊಳೆತು ಬೀಜಕ ಉದುರಿಸುತ್ತದೆ. ಸೋಂಕಿದ ಇರುವೆಗಳನ್ನು ತೆಳುಪದರಗಳಾಗಿ ಕೊಯ್ದು ನೋಡಿದ 2017ರ ಅಧ್ಯಯನದಲ್ಲಿ ಎಳೆಗಳು ಸ್ನಾಯುಗಳ ಸುತ್ತ ಬಲೆ ಕಟ್ಟಿದ್ದವು, ಮೆದುಳಿನೊಳಗೆ ಇರಲಿಲ್ಲ. ಹಾಗಾದರೆ ನಿಮ್ಮ ಖಳನ ಮಾಟದಲ್ಲಿ ಮನಸ್ಸು ವಶವಾಗುವುದು ಬೇಡ. ಕೈಕಾಲು ಅವನದಾಗಲಿ, ಮನಸ್ಸು ಎಚ್ಚರವಾಗಿದ್ದು ಎಲ್ಲವನ್ನೂ ನೋಡುತ್ತಿರಲಿ. ಬಲಿಪಶುವಿನ ಕಣ್ಣಿನಿಂದ ಬರೆದರೆ ಆ ಅಧ್ಯಾಯ ಓದುಗರನ್ನು ಬಿಡದೆ ಕಾಡುತ್ತದೆ.

ಎರಡು ತಡೆಗಳನ್ನು ಬಿಡಬೇಡಿ. ಒಂದು, ಇಂಥ ಶಿಲೀಂಧ್ರಗಳು ತಮ್ಮ ತಮ್ಮ ಜಾತಿಯ ಇರುವೆಗೇ ಅಂಟಿಕೊಂಡವು. ಕುದುರೆಗೆ ಕಲಿತ ಮಾಟ ಎತ್ತಿಗೆ ನಡೆಯಬಾರದು. ಎರಡು, ನಮ್ಮ ಮೈಬಿಸಿ. ಬಹುಪಾಲು ಶಿಲೀಂಧ್ರಗಳು 37 ಡಿಗ್ರಿಯಲ್ಲಿ ಬೆಳೆಯಲಾರವು. 30ರಿಂದ 40 ಡಿಗ್ರಿಯ ನಡುವೆ ಒಂದೊಂದು ಡಿಗ್ರಿ ಏರಿದಂತೆ ಸುಮಾರು ಶೇಕಡಾ 6ರಷ್ಟು ಜಾತಿಗಳು ಸೋಲುತ್ತವೆ. ಅಮೆರಿಕದಲ್ಲಿ 2006ರಿಂದ ಲಕ್ಷಾಂತರ ಬಾವಲಿಗಳನ್ನು ಕೊಂದ ಬಿಳಿಮೂತಿ ರೋಗದ ಶಿಲೀಂಧ್ರ ಅವುಗಳನ್ನು ಹಿಡಿಯುವುದು ಚಳಿಗಾಲದ ನಿದ್ದೆಯಲ್ಲಿ, ಮೈ ತಣ್ಣಗಾದಾಗ. ಆದ್ದರಿಂದ ಖಳ ಮನುಷ್ಯನನ್ನು ಹಿಡಿಯಬೇಕಾದರೆ ಮೊದಲು ಅವನ ಮೈ ತಣ್ಣಗಾಗಿಸಬೇಕು: ಉಪವಾಸ, ತಣ್ಣೀರು, ಗುಹೆ, ದಿನಗಟ್ಟಲೆ. ಜ್ವರ ಬಂದವನು ತಪ್ಪಿಸಿಕೊಳ್ಳುತ್ತಾನೆ. ಮಗುವಿಗೆ ಜ್ವರ ಬಂತೆಂದು ತಾಯಿ ಕಣ್ಣೀರಿಡುವಾಗ ಗುರು ಸಮಾಧಾನದ ಉಸಿರು ಬಿಡುವ ಒಂದು ಗಳಿಗೆ ಇಲ್ಲಿ ಅಡಗಿದೆ.

ವಿಷದ ಅಣಬೆ ಬಳಸುವಿರಾದರೆ ಅದರ ಕಾಲಗತಿ ಸರಿಯಿರಲಿ. ಅಮಾನಿಟಾ ಫ್ಯಾಲಾಯ್ಡಿಸ್ ತಿಂದವನಿಗೆ ಮೊದಲ ಆರರಿಂದ ಹನ್ನೆರಡು ಗಂಟೆ ಏನೂ ಆಗುವುದಿಲ್ಲ. ಆಮೇಲೆ ವಾಂತಿ ಭೇದಿ, ಮತ್ತೆ ಒಂದು ದಿನ ಗುಣವಾದಂಥ ಭ್ರಮೆ, ಅಷ್ಟರಲ್ಲಿ ಯಕೃತ್ತು ಹೋಗಿರುತ್ತದೆ. ಬೇಯಿಸಿದರೂ ಆ ವಿಷ ಹೋಗುವುದಿಲ್ಲ. ಆಣೆ ಇಡಿಸುವ ಮಾಟಕ್ಕೆ ಕೊಪ್ರಿನೊಪ್ಸಿಸ್ ಅಟ್ರಮೆಂಟೇರಿಯ ಎಂಬ ಅಣಬೆ ಚೆನ್ನ. ಅದು ತಿಂದ ಎರಡು ಮೂರು ದಿನದೊಳಗೆ ಹೆಂಡ ಕುಡಿದರೆ ಮುಖ ಕೆಂಪೇರಿ, ಎದೆ ಹೊಡೆದುಕೊಂಡು, ವಾಂತಿಯಾಗುತ್ತದೆ. ಕುಡಿಯದವನಿಗೆ ಏನೂ ಇಲ್ಲ. ಆದರೆ ಕಥೆಗಾಗಿ ಕಾಡು ಸುತ್ತುವಾಗ ನೋಡಿ, ಚಿತ್ರ ತೆಗೆಯಿರಿ, ತಿನ್ನಬೇಡಿ. ಬೆಳ್ಳಿ ಕಪ್ಪಾಗುವುದು, ಅರಿಶಿನದ ಅಕ್ಕಿಯ ಬಣ್ಣ ಬದಲಾಗುವುದು, ಇವು ಯಾವುವೂ ವಿಷದ ಪರೀಕ್ಷೆಯಲ್ಲ. ಬದಲಿಗೆ ಬೀಜಕದ ಅಚ್ಚು ತೆಗೆಯಿರಿ: ತೊಟ್ಟು ಕತ್ತರಿಸಿ, ಕೊಡೆಯನ್ನು ಅರ್ಧ ಬಿಳಿ ಅರ್ಧ ಕಪ್ಪು ಕಾಗದದ ಮೇಲೆ ಕವುಚಿ, ಬಟ್ಟಲು ಮುಚ್ಚಿ ರಾತ್ರಿಯಿಡೀ ಬಿಡಿ. ಬಿಳಿ, ಗುಲಾಬಿ, ಕಂದು, ಕಪ್ಪು, ಹೀಗೆ ಜಾತಿಗೊಂದು ಬಣ್ಣ. ಹುಲ್ಲುಹಾಸಿನಲ್ಲಿ ಏಳುವ ಕ್ಲೋರೊಫಿಲಮ್ ಮಾಲಿಬ್ಡೈಟಿಸ್ ಎಂಬ ವಿಷದ ಅಣಬೆಯದು ಹಸಿರು. ಎಳೆಗಾರರು ಓಲೆಯ ಕೊನೆಗೆ ಹಾಕುವ ಸಹಿ ಇದಾಗಬಹುದು.

ಗುರುವಿನ ಸಾವು

ಇದಕ್ಕೆ ಹುತ್ತದಷ್ಟು ತಕ್ಕ ಜಾಗ ಬೇರೆಯಿಲ್ಲ. ಹುತ್ತದೊಳಗೆ ಗೆದ್ದಲು ಟರ್ಮಿಟೊಮೈಸಿಸ್ ಎಂಬ ಶಿಲೀಂಧ್ರದ ತೋಟ ಮಾಡುತ್ತದೆ. ತಾನು ತಿಂದ ಒಣಕಡ್ಡಿ, ತರಗೆಲೆಯ ಮಲವನ್ನೇ ಜೇನಿನ ಹುಟ್ಟಿನಂತೆ ಕಟ್ಟಿ, ಅದರ ಮೇಲೆ ಎಳೆ ಬೆಳೆಸಿ, ಬಿಳಿ ಗುಂಡುಗಳನ್ನು ತಿನ್ನುತ್ತದೆ. ಮೊದಲ ಮಳೆಗಳು ಬಿದ್ದಾಗ ಆ ತೋಟದಿಂದ ಉದ್ದನೆಯ ಬೇರಿನಂಥ ತೊಟ್ಟು ಮಣ್ಣು ಸೀಳಿಕೊಂಡು ಬಂದು ಮೇಲೆ ಹುತ್ತದಣಬೆಯಾಗುತ್ತದೆ. ಪ್ರತಿವರ್ಷ ಅದೇ ಜಾಗದಲ್ಲಿ ಏಳುತ್ತದೆ ಎಂಬುದು ಹುಡುಕುವವರಿಗೆ ಗೊತ್ತು. ಮನುಷ್ಯರಿಗೆ ಅದನ್ನು ಬೇಸಾಯಕ್ಕೆ ಒಗ್ಗಿಸಲು ಇನ್ನೂ ಸಾಧ್ಯವಾಗಿಲ್ಲ, ಗೆದ್ದಲು ಬೇಕೇ ಬೇಕು. ಗುರುವಿನ ವಿದ್ಯೆ ಇಂಥ ಒಂದು ಹುತ್ತಕ್ಕೆ ಕಟ್ಟಿದ್ದಿರಲಿ.

ಅದೇ ತೋಟದಲ್ಲಿ ಕ್ಸೈಲೇರಿಯ ಎಂಬ ಇನ್ನೊಂದು ಶಿಲೀಂಧ್ರವೂ ಅಡಗಿರುತ್ತದೆ. ಗೆದ್ದಲು ಜೀವಂತವಾಗಿರುವವರೆಗೆ ಅದಕ್ಕೆ ತಲೆಯೆತ್ತಲು ಬಿಡುವುದಿಲ್ಲ. ಗೆದ್ದಲು ಸತ್ತು ತೋಟ ಹಾಳುಬಿದ್ದರೆ ಅದು ಎಲ್ಲವನ್ನೂ ಆವರಿಸಿ, ನೆಲದ ಮೇಲೆ ಬೆರಳಿನಂಥ ಕಪ್ಪು ಕಡ್ಡಿಗಳನ್ನು ಎಬ್ಬಿಸುತ್ತದೆ. ನಿಮ್ಮ ಗುರು ದೂರದ ಊರಿನಲ್ಲಿ ಸಾಯಲಿ, ಸುದ್ದಿ ತರಲು ಆಳು ಬೇಡ. ಮೃಗಶಿರಾ ಮಳೆ ಬಿದ್ದ ಬೆಳಿಗ್ಗೆ ಶಿಷ್ಯೆ ಬುಟ್ಟಿ ಹಿಡಿದು ಹುತ್ತದ ಬಳಿ ಹೋಗಲಿ. ಬಿಳಿಕೊಡೆಗಳಿಗಾಗಿ ಬಗ್ಗಿದವಳಿಗೆ ಮಣ್ಣಿನಿಂದ ಎದ್ದ ಕಪ್ಪು ಬೆರಳುಗಳು ಕಾಣಲಿ.